ನೋಡುವವನ ಹೊಣೆ

ಪರರ ಬಾಳನ್ನು ಮರೆಯಲ್ಲಿ ನಿಂತು ನೋಡುವುದು ಸಜ್ಜನಿಕೆಯಲ್ಲವೆಂದು ನಾವೆಲ್ಲರೂ ಬಲ್ಲೆವು. ಆದರೆ ಮನೆಯವರೇ ಬಾಗಿಲು ತೆರೆದಿಟ್ಟು ನೋಡಿರೆಂದು ಕರೆದರೆ? ವಾಚಕರು ಈ ಪ್ರಶ್ನೆಯನ್ನು ಇತಿಹಾಸದ ಬೆಳಕಿನಲ್ಲಿ ವಿಚಾರಿಸಬೇಕೆಂದು ಬಿನ್ನಹ.

ಆಂಗ್ಲ ತತ್ತ್ವಜ್ಞಾನಿ ಜೆರೆಮಿ ಬೆಂಥಮನು 1791ರಲ್ಲಿ ವರ್ತುಲಾಕಾರದ ಸೆರೆಮನೆಯೊಂದರ ಯೋಜನೆಯನ್ನು ಪ್ರಕಟಿಸಿದನು. ನಡುವೆ ಕುಳಿತ ಕಾವಲುಗಾರನಿಗೆ ಸುತ್ತಲಿನ ಕೋಣೆಗಳೆಲ್ಲ ಕಾಣಬೇಕು. ಬಂದಿಗಳಿಗೆ ಅವನು ಕಾಣಕೂಡದು. ಅವನು ಯಾವಾಗ ನೋಡುವನೋ ತಿಳಿಯದೆ ಅವರು ಸದಾ ಅಂಜಿ ನಡೆಯುವರೆಂಬುದು ಬೆಂಥಮನ ತರ್ಕ. ಅಲ್ಲಿದ್ದುದು ಬಲಾತ್ಕಾರ.

ಇನ್ನೂರು ವರ್ಷಗಳ ತರುವಾಯ, 1996ರಲ್ಲಿ, ಅಮೆರಿಕದ ಪೆನ್ಸಿಲ್ವೇನಿಯಾದ ಕಾಲೇಜು ವಿದ್ಯಾರ್ಥಿನಿ ಜೆನ್ನಿಫರ್ ರಿಂಗ್ಲೆ ತನ್ನ ವಸತಿನಿಲಯದ ಕೊಠಡಿಯಲ್ಲಿ ಸ್ವೇಚ್ಛೆಯಿಂದಲೇ ಕ್ಯಾಮೆರಾ ಇರಿಸಿದಳು. ಅದು ಕೆಲವು ನಿಮಿಷಗಳಿಗೊಮ್ಮೆ ತೆಗೆದ ಚಿತ್ರಗಳು ಅಂತರ್ಜಾಲದ ಮೂಲಕ ಲೋಕಕ್ಕೆಲ್ಲ ತಲಪುತ್ತಿದ್ದವು. ಓದು, ನಿದ್ದೆ, ಏಕಾಂತದ ಗಳಿಗೆ, ಯಾರೂ ಇಲ್ಲದ ಬರಿಯ ಕೋಣೆ ಎಲ್ಲವನ್ನೂ ಅಪರಿಚಿತರು ನೋಡಿದರು. ಏಳು ವರ್ಷಗಳಿಗೂ ಹೆಚ್ಚು ಕಾಲ ನಡೆದ ಈ ಪ್ರಯೋಗ 2003ರ ಅಂತ್ಯಕ್ಕೆ ನಿಂತಿತು.

1999ರ ಡಿಸೆಂಬರಿನಲ್ಲಿ ಜೋಷ್ ಹ್ಯಾರಿಸ್ ಎಂಬ ಉದ್ಯಮಿಯು ನ್ಯೂಯಾರ್ಕಿನ ಕಟ್ಟಡವೊಂದರಲ್ಲಿ ಸುಮಾರು 100 ಜನರನ್ನು ಅವರ ಒಪ್ಪಿಗೆಯಿಂದಲೇ ಇರಿಸಿದನು. ಊಟ, ವಸತಿ ಉಚಿತ. ತೆಗೆದ ಚಿತ್ರಗಳೆಲ್ಲ ಅವನ ಸ್ವತ್ತು. ಮಲಗುವ ಗೂಡುಗಳಲ್ಲಿ ಕ್ಯಾಮೆರಾ ಮತ್ತು ಪರದೆ ಇದ್ದುದರಿಂದ ಎಲ್ಲರೂ ನೋಡುವವರು, ಎಲ್ಲರೂ ನೋಡಿಸಿಕೊಳ್ಳುವವರು. 2000ದ ಹೊಸವರ್ಷದ ದಿನ ಪೊಲೀಸರು ಅದನ್ನು ಮುಚ್ಚಿಸಿದರು. ಆಮೇಲೆ ಹ್ಯಾರಿಸನು ತನ್ನ ಸಂಗಾತಿಯೊಡನಿದ್ದ ಮನೆಯ ತುಂಬ ಕ್ಯಾಮೆರಾಗಳನ್ನು ಹೂಡಿದನು. ಅವರಿಬ್ಬರ ಜಗಳಗಳಲ್ಲಿ ನೋಡುಗರು ಪಕ್ಷ ವಹಿಸಿದರು. ಕೆಲವೇ ತಿಂಗಳುಗಳಲ್ಲಿ ಅವರ ಸಂಬಂಧ ಮುರಿಯಿತು.

ಇಲ್ಲಿ ನಾವು ಗಮನಿಸಬೇಕಾದುದಿದು: ನೋಡಿಸಿಕೊಳ್ಳುವವರ ಒಪ್ಪಿಗೆ ಕಳ್ಳನೋಟದ ಆರೋಪವನ್ನು ಕಳೆಯಬಹುದು, ನೋಡುವವನ ಹೊಣೆಯನ್ನು ಕಳೆಯಲಾರದು. ತೆರೆದ ಬಾಗಿಲಿನಿಂದ ಒಳಬಂದ ಅತಿಥಿಯೂ ಮನೆಯ ಮರ್ಯಾದೆಯನ್ನು ಕಾಯಬೇಕಷ್ಟೆ? ಪರರ ದುಃಖವನ್ನು ವಿನೋದವೆಂದು ಕಾದು ಕುಳಿತವನು, ಅವರ ಕಲಹಕ್ಕೆ ತುಪ್ಪ ಸುರಿದವನು, ತಾನು ಕೇವಲ ಪ್ರೇಕ್ಷಕನೆಂದು ಹೇಳಿ ಪಾರಾಗಲಾರನು.

ಇಂದು ಗೋಪುರವೂ ಬೇಡ, ಕಾವಲುಗಾರನೂ ಬೇಡ. ಅಂಗೈಯಲ್ಲಿನ ಫೋನೇ ನಮ್ಮನ್ನು ಸಾವಿರ ಮನೆಗಳ ಒಳಗೆ ನಿಲ್ಲಿಸುತ್ತದೆ. ಸಹೃದಯರೇ, ಅಪರಿಚಿತನೊಬ್ಬನ ಬಾಳು ಕಣ್ಣಿಗೆ ಬಿದ್ದಾಗ ಒಂದು ಕ್ಷಣ ಯೋಚಿಸಿರಿ: ಆತ ಈಗ ನಮ್ಮೆದುರೇ ಕುಳಿತಿದ್ದರೆ ಹೀಗೆ ನೋಡುತ್ತಿದ್ದೆವೇ? ಇಲ್ಲವೆಂದು ಅಂತರಂಗ ನುಡಿದರೆ, ಕಣ್ಣನ್ನು ಬೇರೆಡೆಗೆ ಹೊರಳಿಸುವುದೇ ಸದಾಚಾರ.