ಎತ್ತಿನ ವಯಸ್ಸು, ಉರಿಯ ಹದ: ಉಮ್ಮತ್ತೂರು ಸೀಮೆಯ ಬಾಡಿನಡುಗೆ ಮತ್ತು ಕೊರಿಯಾದ ನಿಧಾನ ಪಾಕ

ಪೀಠಿಕೆ

ದನದ ಮಾಂಸಕ್ಕೆ ಸೋಯಾ ರಸ, ಬೆಳ್ಳುಳ್ಳಿ, ಶುಂಠಿ, ಸಕ್ಕರೆ, ಎಳ್ಳೆಣ್ಣೆ ಬೆರೆಸಿ ವಿದ್ಯುತ್ ಸ್ಲೋ ಕುಕ್ಕರಿನಲ್ಲಿ ಏಳೆಂಟು ಗಂಟೆ ಬೇಯಿಸುವ ಕೊರಿಯನ್ ಶೈಲಿಯ ಅಡುಗೆ ಇಂದು ಹಲವು ದೇಶಗಳ ಮನೆಗಳಲ್ಲಿ ರೂಢಿಗೆ ಬಂದಿದೆ. ಬೆಳಿಗ್ಗೆ ತುಂಬಿಟ್ಟು ಕೆಲಸಕ್ಕೆ ಹೋದರೆ ಸಂಜೆಗೆ ಊಟ ಸಿದ್ಧವೆಂಬುದು ಅದರ ಆಕರ್ಷಣೆ. ಈ ಅಡುಗೆಯನ್ನು ರುಚಿಯ ಪ್ರಶ್ನೆಯಾಗಿ ನೋಡುವವರು ಹೆಚ್ಚು. ಅದು ಮೊದಲಿಗೆ ದುಡಿಮೆಯ ಪ್ರಶ್ನೆ ಎಂಬುದು ಈ ಲೇಖನದ ವಾದ. ನೇಗಿಲು ಎಳೆದು ಮುದಿಯಾದ ಪ್ರಾಣಿಯ ಮಾಂಸ ಬೇಗ ಬೇಯುವುದಿಲ್ಲ. ಆ ಪ್ರಾಣಿ ಯಾವಾಗ, ಯಾರ ಕೈಗೆ ಮಾಂಸವಾಗಿ ಸಿಗಬೇಕು ಎಂಬುದನ್ನು ತೀರ್ಮಾನಿಸುತ್ತ ಬಂದದ್ದು ಪ್ರಭುತ್ವ ಮತ್ತು ಜಾತಿ. ಉರಿಯ ಹದ ಆ ತೀರ್ಮಾನದ ಫಲ.

ಚಾಮರಾಜನಗರ ತಾಲ್ಲೂಕಿನ ಉಮ್ಮತ್ತೂರನ್ನು ಕೇಂದ್ರವಾಗಿಟ್ಟು, ಗುಂಡ್ಲುಪೇಟೆ, ಯಳಂದೂರು, ಕೊಳ್ಳೇಗಾಲಗಳನ್ನು ಒಳಗೊಂಡ ಸೀಮೆಯನ್ನು ಇಲ್ಲಿ ಗಮನಿಸಲಾಗಿದೆ. ಹೋಲಿಕೆಗೆ ಜೋಸನ್ ಕಾಲದ (1392–1910) ಕೊರಿಯಾವನ್ನು ತೆಗೆದುಕೊಳ್ಳಲಾಗಿದೆ. ಎರಡೂ ಕಡೆ ದನ ಮೊದಲಿಗೆ ಉಳುವ ಪ್ರಾಣಿ. ಎರಡೂ ಕಡೆ ಅದರ ವಧೆಯ ಮೇಲೆ ನಿರ್ಬಂಧವಿತ್ತು. ಎರಡೂ ಕಡೆ ಅದನ್ನು ಮುಟ್ಟುವವರನ್ನು ಸಮಾಜ ಹೊರಗಿಟ್ಟಿತು. ಆದರೂ ಒಂದೆಡೆ ಅದೇ ಮಾಂಸ ಹಬ್ಬದ ಊಟವಾಯಿತು, ಇನ್ನೊಂದೆಡೆ ಕಳಂಕವಾಯಿತು.

ಮಾಂಸದ ಒಳರಚನೆ

ಸ್ನಾಯುವಿನ ಎಳೆಗಳನ್ನು ಕಟ್ಟಿ ಹಿಡಿಯುವ ಪ್ರೋಟೀನು ಕೊಲಾಜನ್. ಕತ್ತು, ಭುಜ, ಮೊಣಕಾಲಿನಂಥ ದುಡಿಯುವ ಭಾಗಗಳಲ್ಲಿ ಇದು ಹೆಚ್ಚು. ನೊಗ ಕೂರುವುದೂ ಕತ್ತು, ಭುಜಗಳ ಮೇಲೆಯೇ. ಎಳೆಯ ಪ್ರಾಣಿಯಲ್ಲಿ ಕೊಲಾಜನ್ ತಂತುಗಳ ನಡುವಿನ ಅಡ್ಡಬಂಧಗಳು ಶಾಖಕ್ಕೆ ಸಡಿಲವಾಗುತ್ತವೆ. ವಯಸ್ಸಾದಂತೆ ಅವು ಶಾಖಕ್ಕೆ ಜಗ್ಗದ ಬಂಧಗಳಾಗಿ ಮಾರ್ಪಡುತ್ತವೆ. ಆದ್ದರಿಂದ ಎಳೆಗರುವಿನ ಮತ್ತು ಹದಿನಾಲ್ಕು ವರ್ಷದ ಎಮ್ಮೆಯ ಒಂದೇ ಭಾಗದ ಮಾಂಸ ಒಂದೇ ಹೊತ್ತಿನಲ್ಲಿ ಬೇಯದು.

ಸುಮಾರು 60 ಡಿಗ್ರಿ ಸೆಲ್ಸಿಯಸ್ ದಾಟಿದ ಮೇಲೆ ಕೊಲಾಜನ್ ಕುಗ್ಗಿ ಸ್ನಾಯುವನ್ನು ಹಿಂಡುತ್ತದೆ, ರಸ ಹೊರಬರುತ್ತದೆ, ಮಾಂಸ ಮೊದಲಿಗಿಂತ ಗಟ್ಟಿಯಾಗುತ್ತದೆ. ಅವಸರದ ಉರಿಯಲ್ಲಿ ಅರ್ಧ ಬೆಂದ ಬಾಡು ರಬ್ಬರಿನಂತಾಗುವುದು ಇದರಿಂದಲೇ. ಶಾಖ 70 ಡಿಗ್ರಿಗಿಂತ ಮೇಲೆ ಗಂಟೆಗಟ್ಟಲೆ ನಿಂತರೆ ಅದೇ ಕೊಲಾಜನ್ ಕರಗಿ ಜಿಲಟಿನ್ ಆಗುತ್ತದೆ. ಎಳೆಗಳು ಬಿಡಿಸಿಕೊಳ್ಳುತ್ತವೆ, ಎಸರಿಗೆ ಮಂದತೆ ಬರುತ್ತದೆ. ಸಮುದ್ರಮಟ್ಟದಿಂದ ಸುಮಾರು 700 ಮೀಟರ್ ಎತ್ತರದ ಈ ಸೀಮೆಯಲ್ಲಿ ನೀರು 98 ಡಿಗ್ರಿಗೂ ಕೊಂಚ ಕೆಳಗೇ ಕುದಿಯುತ್ತದೆ. ತೆರೆದ ಮಡಕೆಯಲ್ಲಿ ಉರಿ ಎಷ್ಟು ಹೆಚ್ಚಿಸಿದರೂ ಶಾಖ ಅದಕ್ಕಿಂತ ಏರದು, ಸೌದೆ ಮಾತ್ರ ಹೆಚ್ಚು ಸುಡುತ್ತದೆ. ಹೀಗಾಗಿ ಸಣ್ಣ ಉರಿಯ ದೀರ್ಘ ಪಾಕವೇ ಮಿತವ್ಯಯದ ದಾರಿ.

ದುಡಿದು ಬಳಲಿ ಸತ್ತ ಪ್ರಾಣಿಯ ಮಾಂಸಕ್ಕೆ ಇನ್ನೊಂದು ತೊಡಕಿದೆ. ಸ್ನಾಯುವಿನಲ್ಲಿ ಸಂಗ್ರಹವಾಗಿರುವ ಗ್ಲೈಕೊಜನ್ ಸಾವಿನ ನಂತರ ಲ್ಯಾಕ್ಟಿಕ್ ಆಮ್ಲವಾಗಿ ಮಾಂಸದ ಹುಳಿಯನ್ನು ಹೆಚ್ಚಿಸಬೇಕು. ಬಳಲಿದ ಪ್ರಾಣಿಯಲ್ಲಿ ಆ ಸಂಗ್ರಹ ಮೊದಲೇ ತೀರಿರುತ್ತದೆ. ಅಂಥ ಮಾಂಸ ಕಪ್ಪಗೆ, ಬಿಗಿಯಾಗಿ ಉಳಿದು ಬೇಗ ಕೆಡುತ್ತದೆ. ಅದನ್ನು ಆ ಹೊತ್ತಿಗೇ ಒಲೆಗೇರಿಸಬೇಕು, ಇಲ್ಲವೇ ಪಟ್ಟಿಯಾಗಿ ಕೊಯ್ದು ಬಿಸಿಲಿಗೆ ಹರಡಬೇಕು. ದಕ್ಷಿಣ ಕರ್ನಾಟಕದ ದಲಿತ ಕೇರಿಗಳ ಕೊರಬಾಡು (ಒಣಗಿಸಿದ ಮಾಂಸ) ಹುಟ್ಟಿದ್ದು ಈ ಒತ್ತಡದಲ್ಲಿ.

ಗ್ರಂಥಗಳ ಮೌನ

ಈ ಪಾಕದ ಬಗ್ಗೆ ಬರಹದ ಆಕರಗಳು ಏನನ್ನೂ ಹೇಳುವುದಿಲ್ಲ. ಉಮ್ಮತ್ತೂರಿನ ಪಾಳೆಯಗಾರರು ಹದಿನೈದನೆಯ ಶತಮಾನದ ಕೊನೆಯ ಹೊತ್ತಿಗೆ ವಿಜಯನಗರಕ್ಕೆ ಸವಾಲಾಗುವಷ್ಟು ಬಲಗೊಂಡಿದ್ದರು. ಕೃಷ್ಣದೇವರಾಯನ ಮೊದಲ ದಂಡಯಾತ್ರೆಗಳಲ್ಲೊಂದು ಇಲ್ಲಿನ ಗಂಗರಾಜನ ಮೇಲೆ ನಡೆಯಿತು. ಶಿವನಸಮುದ್ರದ ಕೋಟೆ ಬಿದ್ದಿತು. ಹೆಚ್ಚುಕಡಿಮೆ ಅದೇ ಕಾಲದಲ್ಲಿ, ಇಂದಿನ ಹುಣಸೂರು ಕಡೆಯ ಕಲ್ಲಹಳ್ಳಿಯ ಮೂರನೆಯ ಮಂಗರಸ 'ಸೂಪಶಾಸ್ತ್ರ'ವನ್ನು ಬರೆದ. ಕನ್ನಡದ ಈ ಮಹತ್ವದ ಪಾಕಗ್ರಂಥ ಷಟ್ಪದಿಯಲ್ಲಿದೆ. ಕವಿ ಜೈನ, ಅಡುಗೆ ಸಂಪೂರ್ಣ ಸಸ್ಯಾಹಾರ. ಅದಕ್ಕೂ ಮೊದಲು ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ 'ಮಾನಸೋಲ್ಲಾಸ' (ಸುಮಾರು 1129) ಕುರಿ, ಹಂದಿ, ಜಿಂಕೆ, ಮೀನುಗಳ ಪಾಕವನ್ನು ವಿವರವಾಗಿ ಹೇಳಿತು. ದನ ಅಲ್ಲಿಯೂ ಇಲ್ಲ.

ಶಾಸನಗಳಲ್ಲಿ ದನ ಬೇರೆ ರೂಪದಲ್ಲಿ ಬರುತ್ತದೆ. ಬಿ.ಎಲ್. ರೈಸ್ 1898ರಲ್ಲಿ ಪ್ರಕಟಿಸಿದ 'ಎಪಿಗ್ರಾಫಿಯಾ ಕರ್ನಾಟಿಕಾ'ದ ನಾಲ್ಕನೆಯ ಸಂಪುಟದಲ್ಲಿ ಚಾಮರಾಜನಗರ, ಗುಂಡ್ಲುಪೇಟೆ ತಾಲ್ಲೂಕುಗಳ ಶಾಸನಗಳಿವೆ. ದಾನಕ್ಕೆ ಅಳುಪಿದವನಿಗೆ ಗಂಗೆಯ ತಡಿಯಲ್ಲಿ ಕಪಿಲೆಯನ್ನು ಕೊಂದ ಪಾಪ ತಟ್ಟಲಿ ಎಂಬ ಶಾಪಾಶಯ ಕನ್ನಡನಾಡಿನ ದಾನಶಾಸನಗಳಲ್ಲಿ ಎಲ್ಲೆಡೆ ಕಾಣುವಂಥದು. ಗೋವಧೆ ಇಲ್ಲಿ ಭೂಮಿಯ ಹಕ್ಕನ್ನು ಕಾಯುವ ಬೇಲಿ. ಅಡುಗೆಯ ವಿಷಯವಾಗಿ ಅದು ಕಲ್ಲಿನಲ್ಲೂ ಇಲ್ಲ, ಓಲೆಯಲ್ಲೂ ಇಲ್ಲ.

ಈ ಮೌನವನ್ನು ಮುರಿಯುವುದು ಮೌಖಿಕ ಪರಂಪರೆ. ಈ ಸೀಮೆಯ ನೀಲಗಾರರು ಹಾಡುವ ಮಂಟೇಸ್ವಾಮಿ ಕಾವ್ಯದಲ್ಲಿ, ಕಲ್ಯಾಣದ ಶರಣರನ್ನು ಪರೀಕ್ಷಿಸಲು ಬರುವ ಗುರು ಮಂಟೇಸ್ವಾಮಿ ಸತ್ತ ಕರು, ಹೆಂಡಗಳೊಂದಿಗೆ ಅಸಹ್ಯ ರೂಪದಲ್ಲಿ ಬಾಗಿಲಿಗೆ ಬರುತ್ತಾನೆ. ಶುಚಿಯೆಂಬ ಭಾವನೆಯೇ ಅಲ್ಲಿ ಪರೀಕ್ಷೆಗೆ ಒಳಗಾಗುತ್ತದೆ. ಅದೇ ಪರಂಪರೆಯ ಚಿಕ್ಕಲ್ಲೂರು ಜಾತ್ರೆಯ ಪಂಕ್ತಿಸೇವೆಯಲ್ಲಿ ಒಕ್ಕಲುಗಳು ಬಯಲಲ್ಲೇ ಒಲೆ ಹೂಡಿ, ಮರಿ ಕೊಯ್ದು ಬೇಯಿಸಿ, ಸಾಲಾಗಿ ಕೂತು ಉಣ್ಣುವುದು ರೂಢಿ. ಬಲಿ ತಡೆಯುವ ಆಡಳಿತಕ್ಕೂ ಇದು ಬಲಿಯಲ್ಲ, ಊಟ ಎನ್ನುವ ಭಕ್ತರಿಗೂ ವಾದ ನಡೆದಿದೆ. ಪಾಕದ ದೃಷ್ಟಿಯಿಂದ ಗಮನಿಸಬೇಕಾದದ್ದು ಬೇರೆ: ಅಲ್ಲಿ ಎಳೆಯ ಆಡು, ಕುರಿ, ಕೋಳಿ, ಜೋರು ಉರಿ, ಅಂದೇ ಬೆಂದು ಅಂದೇ ಮುಗಿಯುವ ಅಡುಗೆ. ಮುದಿ ದನದ ಬಾಡಿಗೆ ಬೇಕಾದದ್ದು ಇದರ ವಿರುದ್ಧದ ಕ್ರಮ. ಒಂದೇ ಸೀಮೆಯಲ್ಲಿ ಎರಡು ಉರಿಗಳು: ಒಂದು ಬಯಲಿನದು, ಇನ್ನೊಂದು ಕೇರಿಯದು.

ಕೇರಿಯ ಒಲೆ

ಹಳೆ ಮೈಸೂರು ಸೀಮೆಯ ಮಣ್ಣಿನ ಮಡಕೆಯ ಪಾಕಕ್ರಮ ಮೇಲೆ ಹೇಳಿದ ಕೊಲಾಜನ್ನಿನ ರಸಾಯನಕ್ರಿಯೆಗೆ ಚೆನ್ನಾಗಿ ಹೊಂದುತ್ತದೆ. ಮೂಳೆ ಸಮೇತ ಖಂಡವನ್ನು ಒಮ್ಮೆ ಜೋರಾಗಿ ಕುದಿಸಿ, ಸೌದೆ ಹಿರಿದು, ಬೆರಣಿಯ ಕೆಂಡಕ್ಕೆ ಒಪ್ಪಿಸುವುದು. ಬೆರಣಿ ಜ್ವಾಲೆಯಿಲ್ಲದೆ ಸುಡುತ್ತದೆ. ಬೂದಿ ಮುಚ್ಚಿಕೊಂಡ ಕೆಂಡ ಗಂಟೆಗಟ್ಟಲೆ ಶಾಖ ಕೊಡುತ್ತದೆ. ದಪ್ಪ ಗೋಡೆಯ ಮಡಕೆ ಆ ಶಾಖವನ್ನು ಹಿಡಿದಿಟ್ಟು ನಿಧಾನವಾಗಿ ಬಿಡುತ್ತದೆ. ಕೂಲಿಗೆ ಹೋಗುವ ಹೆಂಗಸಿಗೆ ಕಾವಲಿಲ್ಲದೆ ಬೇಯುವ ಅಡುಗೆಯೇ ಬೇಕು. ದಿನವಿಡೀ ಉರಿ ಊದುತ್ತ ಕೂರುವ ಬಿಡುವು ಅವಳಿಗೆ ಇರಲಿಲ್ಲ.

ಎತ್ತಿಗೂ ಈ ಒಲೆಗೂ ಇರುವ ನಂಟು ಮಾಂಸಕ್ಕಷ್ಟೇ ನಿಲ್ಲುವುದಿಲ್ಲ. ಬೆರಣಿ ಅದರದೇ ಸಗಣಿ. ಎತ್ತಿಗೆಂದು ಬೇಯಿಸಿದ ಹುರುಳಿಯ ಕಾಳು ಕೊಟ್ಟಿಗೆಗೆ, ಕಟ್ಟು ಮನೆಯ ಸಾರಿಗೆ ಎಂಬ ಹಂಚಿಕೆ ಒಕ್ಕಲು ಮನೆಗಳಲ್ಲಿ ಸಾಮಾನ್ಯವಾಗಿತ್ತು. ಬತ್ತಿಸಿದ ಹುರುಳಿಕಟ್ಟು ಸಾರಿಗೆ ಕೊಡುವ ಗಾಢ ರುಚಿ, ಕೊರಿಯನ್ನರ ಅಡುಗೆಯಲ್ಲಿ ಹುದುಗಿಸಿದ ಸೋಯಾ ರಸ ಮಾಡುವ ಕೆಲಸಕ್ಕೆ ಹತ್ತಿರದ್ದು. ಎರಡೂ ದ್ವಿದಳ ಧಾನ್ಯದ ಪ್ರೋಟೀನಿನಿಂದ ಬಂದವು. ಒಂದು ಕುದಿತದಿಂದ, ಇನ್ನೊಂದು ಹುದುಗಿನಿಂದ.

ಕೊರಿಯಾ: ಅದೇ ನಿಷೇಧ, ಬೇರೆ ಫಲ

ಜೋಸನ್ ಅರಸರು ಉಳುವ ಎತ್ತನ್ನು ಉಳಿಸಲು ದನದ ವಧೆಯನ್ನು ಮತ್ತೆ ಮತ್ತೆ ನಿಷೇಧಿಸಿದರು. ನಿಷೇಧ ಮರುಕಳಿಸಿದ್ದೇ ಅದು ಪಾಲನೆಯಾಗಲಿಲ್ಲ ಎಂಬುದಕ್ಕೆ ಸಾಕ್ಷಿ. ರಾಜಧಾನಿಯಲ್ಲಿ ಕನ್ಫ್ಯೂಶಿಯನ್ ಮಹಾವಿದ್ಯಾಲಯ ಸೊಂಗ್ಯುನ್‌ಗ್ವಾನಿಗೆ ಸೇರಿದ ಬಾನಿನ್ ಎಂಬ ಸೇವಕವರ್ಗಕ್ಕೆ ಮಾಂಸದಂಗಡಿ ನಡೆಸುವ ವಿಶೇಷ ಹಕ್ಕಿತ್ತು. ಸುಮಾರು 1670ರಲ್ಲಿ ಜಾಂಗ್ ಗ್ಯೆ-ಹ್ಯಾಂಗ್ ಎಂಬ ಗೃಹಿಣಿ ಜನಬಳಕೆಯ ಹಂಗುಲ್ ಲಿಪಿಯಲ್ಲಿ ಬರೆದ 'ಉಮ್‌ಶಿಕ್ ದಿಮಿಬಾಂಗ್' ಗ್ರಂಥದಲ್ಲಿ ಗಟ್ಟಿ ಮಾಂಸವನ್ನು ಬೇಯಿಸುವ ಬಗೆಗೇ ಸೂಚನೆಗಳಿವೆ. ನಮ್ಮಲ್ಲಿ ಪಾಕಗ್ರಂಥವನ್ನು ಅರಸರು, ಒಡೆಯರು ಬರೆದರು. ಅಲ್ಲಿ ಅಡುಗೆ ಮಾಡುವ ಕೈಯೇ ಬರೆಯಿತು.

ಪಕ್ಕೆಲುಬನ್ನು ಸೋಯಾ ರಸದಲ್ಲಿ ಹೊತ್ತುಗಟ್ಟಲೆ ಬೇಯಿಸುವ ಗಾಲ್ಬಿಜ್ಜಿಮ್ ಇಂದು ಕೊರಿಯಾದ ಹೊಸವರ್ಷ ಮತ್ತು ಸುಗ್ಗಿ ಹಬ್ಬಗಳ ಊಟ. ಎಸರು ಬೆಳ್ಳಗಾಗುವವರೆಗೆ ಮೂಳೆಯನ್ನು ಕುದಿಸುವ ಸೊಲ್ಲೊಂಗ್‌ತಾಂಗ್ ಬೀದಿಯ ಊಟ. ಸ್ಲೋ ಕುಕ್ಕರಿನ ಕೊರಿಯನ್ ಶೈಲಿ ಈ ಮೊದಲನೆಯದರ ಸರಳ ರೂಪ.

ಕಳಂಕ ಅಲ್ಲಿಯೂ ಇತ್ತು, ಆದರೆ ಅದು ಬಿದ್ದದ್ದು ಕೊಲ್ಲುವ ಕೈಯ ಮೇಲೆ, ಉಣ್ಣುವ ಬಾಯಿಯ ಮೇಲಲ್ಲ. ಕಟುಕ ವೃತ್ತಿಯ ಬೆಕ್‌ಜೊಂಗ್ ಜನ ಊರ ಹೊರಗೆ ಬದುಕಿದರು. 1894ರ ಸುಧಾರಣೆ ಹುಟ್ಟಿನ ಶ್ರೇಣಿಯನ್ನು ರದ್ದುಮಾಡಿದರೂ ಅವಮಾನ ನಿಲ್ಲಲಿಲ್ಲ. 1923ರಲ್ಲಿ ಜಿಂಜು ಪಟ್ಟಣದಲ್ಲಿ ಅವರ ಸಮಾನತೆಗಾಗಿ ಹ್ಯೊಂಗ್‌ಪ್ಯೊಂಗ್‌ಸಾ ಸಂಘಟನೆ ಹುಟ್ಟಿತು. ನಾಲ್ಕು ವರ್ಷಗಳ ನಂತರ, 1927ರಲ್ಲಿ, ಮಹಾಡಿನಲ್ಲಿ ಅಂಬೇಡ್ಕರ್ ತಮ್ಮ ಜನಕ್ಕೆ ಸತ್ತ ದನದ ಮಾಂಸವನ್ನು ಬಿಡಲು ಕರೆ ಕೊಟ್ಟರು. 1948ರ 'ದಿ ಅನ್‌ಟಚಬಲ್ಸ್' ಕೃತಿಯಲ್ಲಿ ಅವರು ಅಸ್ಪೃಶ್ಯತೆಯ ಬೇರನ್ನೇ ಗೋಮಾಂಸ ಸೇವನೆಯೊಂದಿಗೆ ಜೋಡಿಸಿ ವಿವರಿಸಿದರು. ಕೊರಿಯಾದಲ್ಲಿ ಯಜಮಾನನೂ ಆಳೂ ಒಂದೇ ಮಾಂಸ ತಿಂದರು, ಭಾಗ ಬೇರೆ. ಇಲ್ಲಿ ತಿನ್ನುವುದೇ ಜಾತಿಯ ಗುರುತಾಯಿತು. ಆದ್ದರಿಂದ ಅಲ್ಲಿ ನಿಧಾನ ಪಾಕ ಗ್ರಂಥಕ್ಕೂ ಹಬ್ಬಕ್ಕೂ ಏರಿತು. ಇಲ್ಲಿ ಅದು ಕೈಯಿಂದ ಕೈಗೆ ಮಾತ್ರ ದಾಟಿ, ಸುಧಾರಣೆಯ ಹಾದಿಯಲ್ಲಿ ಹಲವು ಮನೆಗಳಲ್ಲಿ ಬಿಟ್ಟುಹೋಯಿತು. ಬಿಟ್ಟದ್ದು ಅವಮಾನವನ್ನು, ಅದರ ಜೊತೆ ಒಂದು ಕೌಶಲವೂ ಹೋಯಿತು.

ಕಾನೂನು ಗೊತ್ತುಮಾಡುವ ವಯಸ್ಸು

ಕರ್ನಾಟಕದ 1964ರ ಕಾಯಿದೆ ಹಸುವಿನ ವಧೆಯನ್ನು ನಿಷೇಧಿಸಿ, ಹನ್ನೆರಡು ವರ್ಷ ದಾಟಿದ ಅಥವಾ ದುಡಿಮೆ, ತಳಿ, ಹಾಲಿಗೆ ಶಾಶ್ವತವಾಗಿ ಒದಗದ ಎತ್ತು, ಹೋರಿ, ಎಮ್ಮೆ, ಕೋಣಗಳಿಗೆ ಅನುಮತಿಯ ದಾರಿ ಬಿಟ್ಟಿತ್ತು. 1958ರ ಖುರೇಷಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಉಪಯುಕ್ತತೆ ಮುಗಿದ ಪ್ರಾಣಿಯ ವಿಷಯದಲ್ಲಿ ಸಂಪೂರ್ಣ ನಿಷೇಧ ಸಮರ್ಥನೀಯವಲ್ಲ ಎಂದಿತ್ತು. 2005ರ ಮಿರ್ಜಾಪುರ ತೀರ್ಪು ಆ ನಿಲುವನ್ನು ಬದಲಿಸಿತು. 2020ರ ಕರ್ನಾಟಕದ ಕಾಯಿದೆ ಹಸು, ಕರು, ಹೋರಿ, ಎತ್ತುಗಳನ್ನು ಪೂರ್ತಿಯಾಗಿ ನಿಷೇಧದೊಳಗೆ ತಂದು, ಹದಿಮೂರು ವರ್ಷ ದಾಟಿದ ಎಮ್ಮೆ, ಕೋಣಗಳನ್ನು ಮಾತ್ರ ಹೊರಗಿಟ್ಟಿತು. ಉಲ್ಲಂಘನೆಗೆ ಮೂರರಿಂದ ಏಳು ವರ್ಷದ ಸೆರೆ.

ಈ ಕಾಯಿದೆಗಳ ಚರ್ಚೆ ಧರ್ಮ, ಜೀವನೋಪಾಯಗಳ ಸುತ್ತ ನಡೆದಿದೆ. ಪಾಕದ ಮೇಲಿನ ಪರಿಣಾಮವೂ ಅಷ್ಟೇ ನೇರವಾದುದು. ಇಂದು ಕರ್ನಾಟಕದಲ್ಲಿ ಕಾನೂನುಬದ್ಧವಾಗಿ ಸಿಗಬಹುದಾದ ದನ, ಎಮ್ಮೆ ಬಗೆಯ ಮಾಂಸವೆಲ್ಲ, ಕಾಯಿದೆಯ ಪ್ರಕಾರವೇ, ಮುದಿ ಎಮ್ಮೆ, ಕೋಣಗಳದು: ಶಾಖಕ್ಕೆ ಜಗ್ಗದ ಕೊಲಾಜನ್ ತುಂಬಿದ, ಕೊಬ್ಬು ಕಡಿಮೆಯ, ಒರಟು ಎಳೆಯ ಮಾಂಸ. ಎಳೆಯ ದನದ ಮಾಂಸಕ್ಕೆಂದು ಬರೆದ ಹೊರದೇಶದ ಪಾಕವಿಧಾನ ಇಲ್ಲಿ ಅಕ್ಷರಶಃ ನಡೆಯದು.

ಮಡಕೆಯಿಂದ ವಿದ್ಯುತ್ ಪಾತ್ರೆಗೆ

ಸ್ಲೋ ಕುಕ್ಕರ್ ಹುಟ್ಟಿದ್ದು ಕೂಡ ಕಾವಲಿಲ್ಲದ ಅಡುಗೆಯ ಅಗತ್ಯದಿಂದ. ಯಹೂದಿಗಳು ಸಬ್ಬತ್ತಿನ ಹಿಂದಿನ ಸಂಜೆ ಒಲೆಯಲ್ಲಿಟ್ಟು ಮರುದಿನ ಉಣ್ಣುವ ಚೋಲೆಂಟಿನ ನೆನಪಿನಿಂದ ಅಮೆರಿಕದ ಇರ್ವಿಂಗ್ ನ್ಯಾಕ್ಸನ್ ರೂಪಿಸಿದ ಪಾತ್ರೆಗೆ 1940ರಲ್ಲಿ ಪೇಟೆಂಟ್ ದೊರೆಯಿತು; 1971ರಲ್ಲಿ ರೈವಲ್ ಕಂಪನಿ ಅದನ್ನು ಕ್ರಾಕ್-ಪಾಟ್ ಹೆಸರಲ್ಲಿ ಮಾರುಕಟ್ಟೆಗೆ ತಂದಿತು. ಅದಕ್ಕೂ ಬಹಳ ಮೊದಲು, 1910ರಲ್ಲಿ, ಕಲ್ಕತ್ತೆಯ ಇಂದುಮಾಧವ ಮಲ್ಲಿಕ್ ಇದ್ದಿಲ ಶಾಖ ಮತ್ತು ಆವಿಯಿಂದ ತಾನಾಗಿ ಬೇಯಿಸುವ ಇಕ್ಮಿಕ್ ಕುಕ್ಕರ್ ರೂಪಿಸಿದ್ದರು. ಭಾರತ ಕೊನೆಗೆ ಆರಿಸಿಕೊಂಡದ್ದು ಬೇರೆ ದಾರಿ: 1959ರ ಹೊತ್ತಿಗೆ ಇಲ್ಲೇ ತಯಾರಾಗತೊಡಗಿದ ಪ್ರೆಷರ್ ಕುಕ್ಕರ್. ಅದು ಸುಮಾರು 120 ಡಿಗ್ರಿಯಲ್ಲಿ ಗಂಟೆಗಳ ಕೆಲಸವನ್ನು ನಿಮಿಷಗಳಿಗೆ ಇಳಿಸಿತು, ಎಳೆಗಳಿಂದ ರಸ ಹಿಂಡುವುದನ್ನೂ ಹೆಚ್ಚಿಸಿತು.

ಕೊರಿಯನ್ ಶೈಲಿಯನ್ನು ಮುದಿ ಎಮ್ಮೆಯ ಮಾಂಸಕ್ಕೆ ಒಗ್ಗಿಸುವಾಗ ಕೇರಿಯ ಕ್ರಮವೇ ದಾರಿ ತೋರಿಸುತ್ತದೆ. ಮೊದಲು ಒಲೆಯ ಮೇಲೆ ಜೋರು ಕುದಿ ಬರಿಸುವುದು. ರೋಗಾಣುಗಳು ಬೆಳೆಯುವ 5ರಿಂದ 60 ಡಿಗ್ರಿಯ ಅಂತರವನ್ನು ಮಾಂಸ ಬೇಗ ದಾಟಬೇಕು. ತಣ್ಣಗಿನ ಪಾತ್ರೆಯಲ್ಲಿ ಹೆಪ್ಪುಗಟ್ಟಿದ ಮಾಂಸ ಇಡುವುದು ಅಪಾಯ. ಎಂಟು ಗಂಟೆಯ ಲೆಕ್ಕವನ್ನು ಹತ್ತು, ಹನ್ನೆರಡಕ್ಕೆ ಏರಿಸಬೇಕಾದೀತು. ಮುಚ್ಚಿದ ಪಾತ್ರೆಯಲ್ಲಿ ನೀರು ಆರುವುದಿಲ್ಲವಾದ್ದರಿಂದ ಎಸರು ಕಡಿಮೆ ಇಟ್ಟು, ಕೊನೆಗೆ ಬೇರೆಯಾಗಿ ಬತ್ತಿಸಬೇಕು. ಸೋಯಾ ರಸವೇ ಬಹಳ ಉಪ್ಪಾದ್ದರಿಂದ ಮತ್ತೆ ಉಪ್ಪು ಬೇಡ. ಕೊರಿಯನ್ನರು ಮೆದುಗೊಳಿಸಲು ಬಳಸುವ ಪೇರ್ ಹಣ್ಣಿನ ಜಾಗದಲ್ಲಿ ನಮ್ಮ ಕಾಯಿಪಪ್ಪಾಯಿ ಸಾಕು; ಅದರ ಪಪೈನ್ ಇನ್ನೂ ಚುರುಕು. ಜೊತೆಗೆ ರಾಜ್ಮಾದಂಥ ಕಾಳು ಹಾಕುವುದಾದರೆ ಅದನ್ನು ಮೊದಲೇ ಹತ್ತು ನಿಮಿಷ ಚೆನ್ನಾಗಿ ಕುದಿಸಿರಬೇಕು. ಅದರ ವಿಷಾಂಶ ಸಣ್ಣ ಶಾಖಕ್ಕೆ ಹೋಗುವುದಿಲ್ಲ.

ಉಪಸಂಹಾರ

ಉಮ್ಮತ್ತೂರು ಸೀಮೆಯ ಆಹಾರ ಚರಿತ್ರೆಯನ್ನು ಪಾಕಗ್ರಂಥಗಳಿಂದ ಕಟ್ಟಿದರೆ ಸಿಗುವುದು ಅರಮನೆ, ಬಸದಿಗಳ ಅಡುಗೆ. ಕೇರಿಯ ಅಡುಗೆಗೆ ಆಕರಗಳು ಬೇರೆ: ವಧೆಗೆ ಕಾಯಿದೆ ನಿಗದಿ ಮಾಡುವ ವಯಸ್ಸು, ಒಲೆಯ ಇಂಧನ, ಕೂಲಿಯ ವೇಳೆ, ನೀಲಗಾರರ ಹಾಡು. ಇವನ್ನು ಒಟ್ಟಿಗೆ ಓದಿದಾಗ ಒಂದು ಸರಣಿ ಕಾಣುತ್ತದೆ. ಪ್ರಭುತ್ವ ಪ್ರಾಣಿಯ ವಯಸ್ಸನ್ನು ನಿರ್ಧರಿಸುತ್ತದೆ, ವಯಸ್ಸು ಕೊಲಾಜನ್ನಿನ ಬಿಗಿಯನ್ನು, ಬಿಗಿ ಉರಿಯ ಅವಧಿಯನ್ನು. ಈ ಸರಣಿ ಜೋಸನ್ ಕೊರಿಯಾಕ್ಕೂ ಚಾಮರಾಜನಗರಕ್ಕೂ ಒಂದೇ. ಬೇರೆಯಾದದ್ದು ಪಾತ್ರೆಯ ಒಡೆಯರಿಗೆ ಸಿಕ್ಕ ಮಾನ. ಕೊರಿಯಾದ ನಿಧಾನ ಪಾಕಕ್ಕೆ ಬರವಣಿಗೆಯ ಆಸರೆ ಸಿಕ್ಕಿತು, ಅದು ಲೋಕ ಸುತ್ತಿತು. ಕೇರಿಯ ಪಾಕ ಬಲ್ಲ ಹಿರಿಯ ಹೆಂಗಸರ ತಿಳಿವಳಿಕೆಯನ್ನು ತಂತ್ರಜ್ಞಾನದ ಚರಿತ್ರೆಯಾಗಿ ದಾಖಲಿಸುವುದು ಕನ್ನಡ ಸಂಶೋಧನೆಯ ಮುಂದಿರುವ ಕೆಲಸ. ಅದನ್ನು ಜಾನಪದ ಕುತೂಹಲವೆಂದು ಪಕ್ಕಕ್ಕಿಡುವವರೆಗೆ ನಮ್ಮ ಪಾಕಶಾಸ್ತ್ರ ಅರ್ಧ ಊರಿನದು ಮಾತ್ರ.