ಚೋಮನ ಪಾತ್ರಧಾರಿ ವಾಸುದೇವರಾಯರು

ನಾಯಕನೆಂದರೆ ಧೀರೋದಾತ್ತನೋ ಧೀರಲಲಿತನೋ ಆಗಿರತಕ್ಕದ್ದೆಂದು ದಶರೂಪಕವನ್ನು ಓದಿದ ನಮ್ಮಂಥವರು ನಂಬಿ ಬೆಳೆದವರು. ಕುಲೀನನಲ್ಲದವನಿಗೆ ಅಲ್ಲಿ ಚೇಟನ ಸ್ಥಾನವೇ ಗತಿ. ಪಾಠಶಾಲೆಯ ವಿದ್ಯಾರ್ಥಿಯಾಗಿದ್ದ ದಿನಗಳಲ್ಲಿ, ೧೯೭೫ರ 'ಚೋಮನ ದುಡಿ' ಚಿತ್ರವನ್ನು ನೋಡಿದಾಗ ನನ್ನ ಆ ನಂಬಿಕೆಗೆ ಮೊದಲ ಪೆಟ್ಟು ಬಿದ್ದಿತು.

ಚೋಮನಾಗಿ ನಟಿಸಿದ ಎಂ. ವಿ. ವಾಸುದೇವರಾಯರು ಬಾಲ್ಯದಲ್ಲಿಯೇ ರಂಗವನ್ನೇರಿದವರು. ಚಲನಚಿತ್ರಗಳಲ್ಲಿ ಬಹುಕಾಲ ಅವರ ಪಾಲಿಗೆ ಬಂದವು ಸಣ್ಣಪುಟ್ಟ ಪಾತ್ರಗಳೇ. ಇಂಥ ನಟರ ಮುಖವನ್ನು ಪ್ರೇಕ್ಷಕರು ಬಲ್ಲರು, ಹೆಸರನ್ನು ವಿಚಾರಿಸುವವರಿಲ್ಲ. ನಡುವಯಸ್ಸು ದಾಟಿದ ಮೇಲೆ ಪ್ರಧಾನ ಪಾತ್ರವು ಇವರನ್ನು ಅರಸಿಕೊಂಡು ಬಂದಿತು. ನಿರ್ದೇಶಕರಾದ ಬಿ. ವಿ. ಕಾರಂತರೂ ಎಳವೆಯಲ್ಲಿ ಮನೆಬಿಟ್ಟು ಗುಬ್ಬಿ ವೀರಣ್ಣನವರ ಕಂಪೆನಿಯನ್ನು ಸೇರಿದ್ದವರು. ಕಂಪೆನಿಯ ಬದುಕನ್ನು ಕಂಡಿದ್ದ ಕಣ್ಣಿಗೆ ಮರೆಯಲ್ಲಿದ್ದ ನಟನ ಯೋಗ್ಯತೆ ಬೇಗನೆ ಗೋಚರಿಸಿರಬೇಕೆಂದು ನನ್ನ ಊಹೆ.

ಶಿವರಾಮ ಕಾರಂತರ ಕಾದಂಬರಿ ಹೊರಬಂದದ್ದು ೧೯೩೩ರಲ್ಲಿ. ಅಸ್ಪೃಶ್ಯನಾದ ಜೀತದಾಳು ಚೋಮನಿಗೆ ಒಂದೇ ಆಸೆ: ತುಂಡು ಭೂಮಿಯನ್ನು ಪಡೆದು ಬೇಸಾಯಗಾರನಾಗಬೇಕು. ಎತ್ತುಗಳಿವೆ, ನೆಲವಿಲ್ಲ. ಸಾಲ ತೀರಿಸಲೆಂದು ಮಕ್ಕಳು ಕಾಫಿತೋಟಕ್ಕೆ ಹೋಗುವರು. ಒಬ್ಬ ಮಗನು ಹೊಳೆಯಲ್ಲಿ ಮುಳುಗುತ್ತಿದ್ದರೆ, ಮೈಲಿಗೆಯ ಭಯದಿಂದ, ದಡದಲ್ಲಿದ್ದವರು ಕೈನೀಡುವುದಿಲ್ಲ. ಇಷ್ಟು ದುಃಖವನ್ನು ಹೊತ್ತವನಿಗೆ ಉದ್ದುದ್ದನೆಯ ಮಾತುಗಳಿಲ್ಲ. ಹೇಳಬೇಕಾದುದನ್ನೆಲ್ಲ ದುಡಿಯ ಮೇಲೆ ಬಡಿಯುತ್ತಾನೆ. ರಂಗದ ನಟನು ಕೊನೆಯ ಸಾಲಿನವನಿಗೂ ಮುಟ್ಟುವಂತೆ ದನಿಯೆತ್ತುವುದನ್ನು ಕಲಿತಿರುವನಷ್ಟೆ. ವಾಸುದೇವರಾಯರು ಇಲ್ಲಿ ಆ ವಿದ್ಯೆಯನ್ನು ಅಡಗಿಸಿಟ್ಟರು. ಭರತಮುನಿಯು ಹೇಳಿದ ಸ್ತಂಭ, ವೈವರ್ಣ್ಯ ಮೊದಲಾದ ಸಾತ್ತ್ವಿಕ ಭಾವಗಳ ಅರ್ಥವು, ಶ್ಲೋಕ ಕಂಠಸ್ಥವಾಗಿದ್ದರೂ, ನನಗೆ ತಿಳಿದದ್ದು ಆ ಮುಖವನ್ನು ನೋಡಿಯೇ.

ಆ ವರ್ಷದ ರಾಷ್ಟ್ರಪ್ರಶಸ್ತಿಗಳಲ್ಲಿ ಚಿತ್ರಕ್ಕೆ ಸ್ವರ್ಣಕಮಲವೂ ರಾಯರಿಗೆ ಶ್ರೇಷ್ಠನಟನೆಂಬ ಗೌರವವೂ ದೊರೆತವು. ಕನ್ನಡ ಚಿತ್ರದ ಅಭಿನಯಕ್ಕಾಗಿ ಆ ಗೌರವವನ್ನು ಪಡೆದವರಲ್ಲಿ ಇವರೇ ಮೊದಲಿಗರು.

ಇದಕ್ಕಿಂತಲೂ ವಿಸ್ಮಯಕರವಾದುದು ಮುಂದಿನದು. ೧೯೭೭ರಲ್ಲಿ ಮೃಣಾಲ್ ಸೇನರು ಪ್ರೇಮಚಂದರ 'ಕಫನ್' ಕಥೆಯನ್ನಾಧರಿಸಿ ತೆಲುಗಿನಲ್ಲಿ 'ಒಕ ಊರಿ ಕಥ'ವನ್ನು ನಿರ್ಮಿಸಿದಾಗ, ವೆಂಕಯ್ಯನೆಂಬ ತಂದೆಯ ಪಾತ್ರವನ್ನು ಇವರಿಗೆ ಕೊಟ್ಟರು. ಚೋಮನು ದುಡಿಯಲು ನೆಲವನ್ನು ಬೇಡಿದವನು; ವೆಂಕಯ್ಯನೋ ದುಡಿದರೆ ಹೊಟ್ಟೆ ತುಂಬುವುದು ಧಣಿಗೇ ಎಂದು ದುಡಿಮೆಯನ್ನೇ ಬಿಟ್ಟವನು. ಹೆರಿಗೆಯ ಬೇನೆಯಲ್ಲಿ ಸೊಸೆ ಸಾಯುತ್ತಿದ್ದರೂ ಕದಲದವನು. ಚೋಮನಿಗಾಗಿ ಕಣ್ಣೀರಿಟ್ಟವರಿಗೆ ಇವನನ್ನು ಸಹಿಸುವುದೇ ಕಷ್ಟ. ಒಂದೇ ಅನ್ಯಾಯದಿಂದ ಹುಟ್ಟಿದ ಇವರಿಬ್ಬರನ್ನೂ ಒಬ್ಬನೇ ನಟನು ಎರಡು ವರ್ಷಗಳ ಅಂತರದಲ್ಲಿ, ಎರಡು ಭಾಷೆಗಳಲ್ಲಿ, ತೋರಿಸಿಕೊಟ್ಟನೆಂಬುದನ್ನು ನಮ್ಮ ರಸಿಕರು ಸಾಕಷ್ಟು ಗಮನಿಸಲಿಲ್ಲ. ಆಮೇಲೆಯೂ ರಾಯರಿಗೆ ಹೆಚ್ಚಾಗಿ ದೊರೆತವು ಪೋಷಕ ಪಾತ್ರಗಳೇ.

ನಾನು ಅಧ್ಯಾಪಕನಾಗಿದ್ದಾಗ, ಒಮ್ಮೆ ತರಗತಿಯಲ್ಲಿ ನಾಯಕಲಕ್ಷಣವನ್ನು ವಿವರಿಸುತ್ತಿರಲು, ಹಿಂದಿನ ಬೆಂಚಿನ ಹುಡುಗನೊಬ್ಬನು ಎದ್ದು, "ಚೋಮನು ಈ ನಾಲ್ವರಲ್ಲಿ ಯಾರು, ಮೇಷ್ಟ್ರೇ?" ಎಂದು ಕೇಳಿದನು. ನಾನು ಪುಸ್ತಕವನ್ನು ಮುಚ್ಚಿಟ್ಟು, ಗಂಟೆ ಬಾರಿಸುವವರೆಗೂ ಚೋಮನ ಕಥೆಯನ್ನೇ ಹೇಳಿದೆನು.