ಚಿತ್ರದುರ್ಗ ಸೀಮೆಯ ಶಾಸನಗಳು: ಪಡಿಯಚ್ಚಿನಿಂದ ಗಣಕದವರೆಗೆ

ಕರ್ನಾಟಕದ ಶಾಸನಾಧ್ಯಯನದಲ್ಲಿ ಚಿತ್ರದುರ್ಗ ಸೀಮೆಗೆ ಮೊದಲ ಸಾಲಿನ ಸ್ಥಾನವಿದೆ. ಅಶೋಕನ ಬಂಡೆಗಲ್ಲಿನ ಶಾಸನಗಳು, ಕದಂಬರ ಕಾಲದ ಕೆರೆಶಾಸನ, ನೊಳಂಬ, ಚಾಲುಕ್ಯ, ಹೊಯ್ಸಳ, ವಿಜಯನಗರ ಕಾಲದ ದಾನಶಾಸನಗಳು ಮತ್ತು ವೀರಗಲ್ಲುಗಳು, ಕೊನೆಗೆ ದುರ್ಗದ ನಾಯಕರ ಬರಹಗಳು ಸೇರಿ ಸುಮಾರು ಎರಡು ಸಾವಿರ ವರ್ಷಗಳ ಲಿಖಿತ ಸಾಕ್ಷ್ಯ ಈ ಒಂದೇ ಜಿಲ್ಲೆಯಲ್ಲಿದೆ. ಈ ಸಾಮಗ್ರಿಯ ಅಧ್ಯಯನ ನಡೆದುಬಂದ ದಾರಿಯನ್ನೂ ಅದರಲ್ಲಿ ಗಣಕದ ಸಾಧನಗಳಿಗಿರುವ ಪಾತ್ರವನ್ನೂ ಪರಿಶೀಲಿಸುವುದು ಈ ಲೇಖನದ ಉದ್ದೇಶ. ಶಾಸನದ ಪ್ರತಿಯೊಂದು ಓದನ್ನೂ ಮರುಪರೀಕ್ಷೆಗೆ ತೆರೆದಿಡುವುದೇ ಈ ಸಾಧನಗಳಿಂದಾಗುವ ದೊಡ್ಡ ಉಪಕಾರವೆಂಬುದು ಇಲ್ಲಿನ ಪ್ರತಿಪಾದನೆ.

ಸಂಗ್ರಹದ ಘಟ್ಟ

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು ಬಿ.ಎಲ್. ರೈಸ್ 1892ರಲ್ಲಿ ಬೆಳಕಿಗೆ ತಂದರು. ಜಿಲ್ಲೆಯ ಶಾಸನಗಳನ್ನು ಒಳಗೊಂಡ ಎಪಿಗ್ರಾಫಿಯಾ ಕರ್ನಾಟಿಕದ 11ನೆಯ ಸಂಪುಟ 1903ರಲ್ಲಿ ಹೊರಬಂತು. ಕಲ್ಲಿನ ಮೇಲೆ ಒದ್ದೆ ಕಾಗದ ಹರಡಿ, ಕುಂಚದಿಂದ ಬಡಿದು, ಮಸಿ ಸವರಿ ತೆಗೆಯುವ ಪಡಿಯಚ್ಚು ಈ ಶತಮಾನದವರೆಗೂ ಶಾಸನತಜ್ಞರ ಮುಖ್ಯ ಆಧಾರವಾಗಿದೆ. ರೈಸ್ ಹಾಕಿಕೊಟ್ಟ ಬುನಾದಿಯ ಮೇಲೆ ಹುಲ್ಲೂರು ಶ್ರೀನಿವಾಸ ಜೋಯಿಸ, ಬಿ. ರಾಜಶೇಖರಪ್ಪ, ಲಕ್ಷ್ಮಣ್ ತೆಲಗಾವಿ ಮುಂತಾದವರು ದುರ್ಗದ ಇತಿಹಾಸವನ್ನು ಕಟ್ಟಿದರು.

ರೈಸ್ ಸಂಪುಟದ ಶಾಸನಗಳು ತಾಲ್ಲೂಕುವಾರು ಸಂಖ್ಯೆ ಪಡೆದಿವೆ. ಆಗ ಜಿಲ್ಲೆಯ ಭಾಗವಾಗಿದ್ದ ದಾವಣಗೆರೆ 1997ರಲ್ಲಿ ಪ್ರತ್ಯೇಕ ಜಿಲ್ಲೆಯಾಯಿತು. ಹರಿಹರ, ಜಗಳೂರುಗಳೂ ಅದಕ್ಕೆ ಸೇರಿದವು. ಹೀಗಾಗಿ ಹಳೆಯ ಸಂಖ್ಯೆಯೊಂದನ್ನೇ ನಂಬಿ ಇಂದಿನ ನಕಾಶೆಯಲ್ಲಿ ಕಲ್ಲನ್ನು ಹುಡುಕುವವರು ದಾರಿ ತಪ್ಪುತ್ತಾರೆ. ಗಣಕದ ದತ್ತಸಂಚಯದಲ್ಲಿ ಪ್ರತಿ ಶಾಸನಕ್ಕೂ ಹಳೆಯ ಸಂಖ್ಯೆ, ಇಂದಿನ ಗ್ರಾಮ, ಅಕ್ಷಾಂಶ-ರೇಖಾಂಶ ಮೂರೂ ಒಟ್ಟಿಗೆ ಇರಬೇಕಾದದ್ದು ಇದಕ್ಕಾಗಿಯೇ.

ಚಂದ್ರವಳ್ಳಿಯ ಪ್ರಶ್ನೆ

ಮರುಪರೀಕ್ಷೆ ಏಕೆ ಬೇಕೆಂಬುದಕ್ಕೆ ದುರ್ಗದ ಮಗ್ಗುಲಿನ ಚಂದ್ರವಳ್ಳಿಯ ಶಾಸನಕ್ಕಿಂತ ಒಳ್ಳೆಯ ನಿದರ್ಶನವಿಲ್ಲ. ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲಿರುವ ಈ ಪುಟ್ಟ ಪ್ರಾಕೃತ ಶಾಸನವನ್ನು ಡಾ. ಎಂ.ಎಚ್. ಕೃಷ್ಣ 1929ರ ಸುಮಾರಿಗೆ ಪ್ರಕಟಿಸಿದರು. ಅವರ ಓದಿನ ಪ್ರಕಾರ ಇದು ಕದಂಬ ಮಯೂರಶರ್ಮ ಕಟ್ಟಿಸಿದ ಕೆರೆಯ ದಾಖಲೆ. ತ್ರೇಕೂಟ, ಆಭೀರ, ಪಲ್ಲವ, ಪಾರಿಯಾತ್ರಿಕ, ಶಕಸ್ಥಾನ, ಸೇಂದ್ರಕ, ಪುನ್ನಾಟ, ಮೌಖರಿಗಳ ಹೆಸರುಗಳೂ ಇದರಲ್ಲಿವೆ ಎಂದು ಅವರು ಓದಿದರು. ಈ ಪಟ್ಟಿ ನಿಜವಾದರೆ ಮಯೂರಶರ್ಮನ ಪ್ರತಾಪ ಉತ್ತರ ಭಾರತದವರೆಗೂ ಮುಟ್ಟಿತ್ತೆಂದಾಗುತ್ತದೆ. ಆದರೆ ಅಕ್ಷರಗಳು ಬಹಳ ಸವೆದಿವೆ. ಮುಂದಿನ ವಿದ್ವಾಂಸರು ಆ ಹೆಸರುಗಳ ಓದನ್ನೇ ಸಂದೇಹಿಸಿದರು. ಒಬ್ಬ ಅರಸನ ರಾಜ್ಯವಿಸ್ತಾರ ಕೆಲವೇ ಮಸುಕು ಅಕ್ಷರಗಳ ಮೇಲೆ ನಿಂತಿದೆ.

ಇಂಥ ಕಲ್ಲಿಗೆ ಎರಡು ವಿಧಾನಗಳು ತಕ್ಕವು. ಮೊದಲನೆಯದು 2001ರಲ್ಲಿ ಹ್ಯೂಲೆಟ್-ಪ್ಯಾಕರ್ಡ್ ಪ್ರಯೋಗಾಲಯದ ಟಾಮ್ ಮಾಲ್ಜ್‌ಬೆಂಡರ್ ಮತ್ತು ಸಂಗಡಿಗರು ಪ್ರಕಟಿಸಿದ ತಂತ್ರದಿಂದ ಬೆಳೆದದ್ದು. ಕ್ಯಾಮೆರಾ ಕದಲಿಸದೆ, ಬೆಳಕನ್ನು ಮಾತ್ರ ಬೇರೆ ಬೇರೆ ಕೋನಗಳಿಂದ ಬೀರಿ ಹಲವು ಚಿತ್ರಗಳನ್ನು ತೆಗೆಯುತ್ತಾರೆ. ಬಳಿಕ ಗಣಕದಲ್ಲಿ ಬೆಳಕಿನ ದಿಕ್ಕನ್ನು ಬೇಕಾದಂತೆ ತಿರುಗಿಸುತ್ತ ಅಕ್ಷರವನ್ನು ನೋಡಬಹುದು. ಎರಡನೆಯದು ಕಲ್ಲಿನ ಮೇಲ್ಮೈಯ ಏರುತಗ್ಗನ್ನೇ ಅಳೆಯುವ ಮೂರು ಆಯಾಮದ ಸ್ಕ್ಯಾನಿಂಗ್. ಬೆಂಗಳೂರಿನ ಮಿಥಿಕ್ ಸೊಸೈಟಿ ತನ್ನ ಶಾಸನ ಸಂರಕ್ಷಣಾ ಯೋಜನೆಯಲ್ಲಿ ಈ ವಿಧಾನವನ್ನು ಬಳಸಿ, ಕಣ್ಣಿಗೆ ಕಾಣದಷ್ಟು ಸವೆದ ಗೆರೆಗಳನ್ನೂ ಪರೀಕ್ಷೆಗೆ ಒದಗಿಸಿದೆ. ಅಕ್ಷರ ಯಾವುದೆಂದು ನಿರ್ಣಯಿಸುವ ಹೊಣೆ ಲಿಪಿತಜ್ಞರದೇ. ಆದರೆ ಇನ್ನು ಮುಂದೆ ಅವರ ಆಧಾರ ಎಲ್ಲರ ಕಣ್ಣೆದುರಿಗಿರುತ್ತದೆ.

ಲಿಪಿ ಮತ್ತು ಹುಡುಕಾಟ

ಪಠ್ಯವನ್ನು ಗಣಕಕ್ಕೆ ಇಳಿಸುವಾಗ ಬೇರೆ ತೊಡಕುಗಳಿವೆ. ಅಶೋಕನ ಶಾಸನಗಳನ್ನು ಇಲ್ಲಿ ಬರೆದ ಚಪಡನೆಂಬ ಲಿಪಿಕಾರ ಪಠ್ಯವನ್ನು ಬ್ರಾಹ್ಮಿಯಲ್ಲಿ ಎಡದಿಂದ ಬಲಕ್ಕೆ ಬರೆದು, ತನ್ನ ವೃತ್ತಿಯನ್ನು ಸೂಚಿಸುವ ಪದವನ್ನು ಮಾತ್ರ ಬಲದಿಂದ ಎಡಕ್ಕೆ ಸಾಗುವ ಖರೋಷ್ಠಿಯಲ್ಲಿ ಕೆತ್ತಿದ. ಯೂನಿಕೋಡ್‌ಗೆ ಖರೋಷ್ಠಿ 2005ರಲ್ಲಿ, ಬ್ರಾಹ್ಮಿ 2010ರಲ್ಲಿ ಸೇರಿದ ಮೇಲಷ್ಟೇ ಈ ಬರಹವನ್ನು ಇದ್ದಂತೆಯೇ ಗಣಕದಲ್ಲಿ ದಾಖಲಿಸುವುದು ಸಾಧ್ಯವಾಯಿತು.

ಹಳಗನ್ನಡ ಶಾಸನಗಳಲ್ಲಿ ಱ ಮತ್ತು ೞ ಅಕ್ಷರಗಳನ್ನು ಉಳಿಸಿಕೊಳ್ಳಬೇಕು. ಅವನ್ನು ರ, ಳ ಎಂದು ತಿದ್ದಿಬಿಟ್ಟರೆ ಕಾಲನಿರ್ಣಯಕ್ಕೆ ನೆರವಾಗುವ ಸುಳಿವು ಅಳಿಸಿಹೋಗುತ್ತದೆ. ತಿದ್ದದಿದ್ದರೆ ‘ಕೆರೆ’ ಎಂದು ಹುಡುಕಿದವರಿಗೆ ‘ಕೆಱೆ’ ಸಿಗುವುದಿಲ್ಲ. ಮೂಲರೂಪ, ಹೊಸರೂಪ ಎರಡನ್ನೂ ಜೋಡಿಸಿಡುವುದೊಂದೇ ಪರಿಹಾರ. ಸಂದಿಗ್ಧ ಅಕ್ಷರ, ಒಡೆದ ಭಾಗ, ಸಂಪಾದಕರು ತುಂಬಿದ ಪಾಠಗಳನ್ನು ಬೇರೆ ಬೇರೆಯಾಗಿ ಗುರುತಿಸುವ ಎಪಿಡಾಕ್ ಎಂಬ ಅಂತರರಾಷ್ಟ್ರೀಯ ಕ್ರಮವೂ ಲಭ್ಯವಿದೆ.

ಸಿರಿಗೆರೆಯ ಮಾದರಿ

ಪ್ರಾಚೀನ ಗ್ರಂಥಗಳನ್ನು ಗಣಕಕ್ಕೆ ಅಳವಡಿಸುವ ಕೆಲಸ ಈ ಸೀಮೆಗೆ ಹೊಸದಲ್ಲ. ಚಿತ್ರದುರ್ಗ ತಾಲ್ಲೂಕಿನ ಸಿರಿಗೆರೆಯ ತರಳಬಾಳು ಬೃಹನ್ಮಠದ ಡಾ. ಶಿವಮೂರ್ತಿ ಶಿವಾಚಾರ್ಯ ಸ್ವಾಮೀಜಿ ಪಾಣಿನಿಯ ಸುಮಾರು 4000 ಸೂತ್ರಗಳನ್ನು ಆಧರಿಸಿ ‘ಗಣಕಾಷ್ಟಾಧ್ಯಾಯಿ’ ತಂತ್ರಾಂಶವನ್ನು ರೂಪಿಸಿದರು. ಶರಣರ ವಚನಗಳನ್ನು ಹುಡುಕಿ ಓದುವ ತಂತ್ರಾಂಶವೂ ಅವರ ಮುಂದಾಳುತನದಲ್ಲಿ ಬಂದಿದೆ. ಶಾಸ್ತ್ರಜ್ಞಾನವಿದ್ದವರೇ ತಂತ್ರಾಂಶದ ರಚನೆಯನ್ನೂ ನಿರ್ದೇಶಿಸಿದರು ಎಂಬುದು ಈ ಪ್ರಯತ್ನದ ಹಿರಿಮೆ. ಶಾಸನಕ್ಷೇತ್ರ ಕಲಿಯಬೇಕಾದ ಪಾಠವೂ ಇದೇ.

ಸಮಾರೋಪ

ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ತಾಲ್ಲೂಕುಗಳ ಶಾಸನಗಳಲ್ಲಿ ಹಲವು ಇಂದಿಗೂ ಹೊಲ, ಕೆರೆಯೇರಿ, ಗುಡಿಯಂಗಳಗಳಲ್ಲಿ ಮಳೆಬಿಸಿಲಿಗೆ ಮೈಯೊಡ್ಡಿ ನಿಂತಿವೆ; ಸುಣ್ಣ, ಬಣ್ಣ, ಎಣ್ಣೆಗಳ ಪದರಗಳಲ್ಲಿ ಅಕ್ಷರಗಳು ಹೂತುಹೋಗುತ್ತಿವೆ. ಕಲ್ಲು ಅಳಿದ ಮೇಲೆ ಯಾವ ತಂತ್ರಾಂಶವೂ ಅದನ್ನು ಮರಳಿ ತರಲಾರದು. ಆದ್ದರಿಂದ ಈ ನಾಲ್ಕು ತಾಲ್ಲೂಕುಗಳ ಕಾಲೇಜುಗಳ ಇತಿಹಾಸ, ಕನ್ನಡ ವಿಭಾಗಗಳು ಒಂದೊಂದು ಹೋಬಳಿಯನ್ನು ಹಂಚಿಕೊಂಡು, ರೈಸ್ ಸಂಪುಟವನ್ನು ಕೈಯಲ್ಲಿ ಹಿಡಿದು, ಪ್ರತಿ ಕಲ್ಲಿನ ಇಂದಿನ ಸ್ಥಿತಿ, ಸ್ಥಾನ, ಓರೆಬೆಳಕಿನ ಛಾಯಾಚಿತ್ರಗಳನ್ನು ದಾಖಲಿಸಲಿ. ಆ ದಾಖಲೆ ಎಲ್ಲರಿಗೂ ಮುಕ್ತವಾಗಿರಲಿ. ಮುಂದಿನ ಪೀಳಿಗೆ ಚಂದ್ರವಳ್ಳಿಯಂಥ ಪ್ರಶ್ನೆಗಳಿಗೆ ಉತ್ತರ ಹುಡುಕಬೇಕಾದರೆ ಈ ಕೆಲಸ ಈಗಲೇ ಆಗಬೇಕು.